ಆಟೋದ ಮೇಲಿನ ಶಂಕರ, ಕ್ಯಾಮೆರಾದ ಹಿಂದಿನ ಶಂಕರ

ಶಂಕರ್‌ನಾಗ್ ಬಗ್ಗೆ ವಿಮರ್ಶೆ ಬರೆಯುತ್ತೇನೆಂದರೆ ನಮ್ಮ ಕಡೆ ಯಾರೂ ಸುಲಭವಾಗಿ ಒಪ್ಪುವುದಿಲ್ಲ. ‘ಅವರ ಬಗ್ಗೆ ವಿಮರ್ಶೆ ಏನಮ್ಮ ಬರೆಯೋದು, ಒಳ್ಳೆಯ ಮನುಷ್ಯ, ಬೇಗ ಹೋಗಿಬಿಟ್ಟ’ ಎಂದು ಮಾತು ಮುಗಿಸಿಬಿಡುತ್ತಾರೆ. ಸತ್ತವರ ಬಗ್ಗೆ ನಮಗೆ ಇರುವುದು ಎರಡೇ ರೂಢಿ. ಒಂದು, ಫೋಟೋಕ್ಕೆ ಹಾರ ಹಾಕುವುದು. ಇನ್ನೊಂದು, ಮರೆತುಬಿಡುವುದು. ಇವೆರಡರ ನಡುವೆ ಅವರು ಮಾಡಿಟ್ಟ ಕೆಲಸವನ್ನು ಎದುರಿಗಿಟ್ಟುಕೊಂಡು, ಅಕ್ಕಿ ಆರಿಸಿದ ಹಾಗೆ ಆರಿಸಿ, ಇದು ಗಟ್ಟಿ, ಇದು ಜೊಳ್ಳು ಎಂದು ಹೇಳುವ ಅಭ್ಯಾಸ ನಮಗಿಲ್ಲ. ಆದರೆ ಕೆಲಸ ಮಾಡಿದವರಿಗೆ ನಿಜವಾದ ಮರ್ಯಾದೆ ಸಲ್ಲುವುದು ಆ ಆರಿಸುವಿಕೆಯಲ್ಲೇ ಎಂದು ನನ್ನ ನಂಬಿಕೆ.

ನಾನಿರುವುದು ಚಾಮರಾಜಪೇಟೆಯಲ್ಲಿ. ಕೃಷ್ಣರಾಜೇಂದ್ರ ಮಾರುಕಟ್ಟೆ ನಮಗೆ ನಡೆದು ಹೋಗುವಷ್ಟು ಹತ್ತಿರ. ಬೋರ್ಡಿನ ಮೇಲೆ ಕೃಷ್ಣರಾಜೇಂದ್ರ ಎಂದಿದ್ದರೂ ನಮ್ಮ ಬಾಯಲ್ಲಿ ಅದು ಸಿಟಿ ಮಾರ್ಕೆಟ್ಟು. ಅಲ್ಲಿಂದ ಚೀಲ ತುಂಬಿಕೊಂಡು ಬರುವಾಗ ಆಟೋ ಹಿಡಿಯಬೇಕು. ನೂರು ಆಟೋ ನೋಡಿದರೆ ಎಷ್ಟರಲ್ಲಿ ಶಂಕರ್‌ನಾಗ್ ಇರುತ್ತಾರೆಂದು ಒಮ್ಮೆ ಎಣಿಸಲು ಹೊರಟು ಕೈಬಿಟ್ಟೆ. ಹಿಂದುಗಡೆಯ ರೆಕ್ಸಿನ್ನಿನ ಮೇಲೆ, ಮುಂದಿನ ಗಾಜಿನ ಮೂಲೆಯಲ್ಲಿ, ಮೀಟರಿನ ಪಕ್ಕ ದೇವರ ಪಟದ ಜೊತೆ, ಎಲ್ಲೆಲ್ಲೂ ಆ ನಗು. ಇಪ್ಪತ್ತು ವರ್ಷದ ಹುಡುಗ ಆಟೋ ಓಡಿಸುತ್ತಿರುತ್ತಾನೆ. ಶಂಕರ್ ತೀರಿಕೊಂಡಾಗ ಅವನ ತಂದೆ ತಾಯಿಗೆ ಮದುವೆಯೂ ಆಗಿರಲಿಕ್ಕಿಲ್ಲ. ಆದರೂ ‘ನಮ್ಮ ಶಂಕರಣ್ಣ’ ಎನ್ನುತ್ತಾನೆ. ‘ಆಟೋರಾಜ’ ಬಂದದ್ದು 1980ರಲ್ಲಿ. ಆ ಚಿತ್ರದ ನಿರ್ದೇಶಕರು ವಿಜಯ್, ನಾಯಕಿ ಗಾಯತ್ರಿ. ಶಂಕರ್ ಅದರಲ್ಲಿ ನಟ ಮಾತ್ರ. ಆದರೆ ಒಂದು ಊರಿನ ಆಟೋದವರೆಲ್ಲ ಒಬ್ಬ ನಟನನ್ನು ಹೀಗೆ ಮನೆಯವನನ್ನಾಗಿ ಮಾಡಿಕೊಂಡ ಉದಾಹರಣೆ ನಮ್ಮಲ್ಲಿ ಮತ್ತೊಂದಿಲ್ಲ.

ನನ್ನ ತಕರಾರು ಇರುವುದು ಆ ಪ್ರೀತಿಯ ಬಗ್ಗೆ ಅಲ್ಲ. ಆಟೋದ ಮೇಲಿರುವ ಶಂಕರ್ ಎಷ್ಟು ದೊಡ್ಡದಾಗಿ ಬೆಳೆದಿದ್ದಾರೆಂದರೆ, ಅವರ ಹಿಂದೆ ನಿಂತಿರುವ ಇನ್ನೊಬ್ಬ ಶಂಕರ್, ಅಂದರೆ ನಿರ್ದೇಶಕ, ಕಾಣಿಸುವುದೇ ಇಲ್ಲ. ಇತ್ತ ಕಲಾತ್ಮಕ ಚಿತ್ರಗಳ ಬಗ್ಗೆ ಬರೆಯುವವರು ‘ಮಾಲ್ಗುಡಿ ಡೇಸ್’ ಹೆಸರು ಹೇಳಿ, ಉಳಿದದ್ದೆಲ್ಲ ಹೊಟ್ಟೆಪಾಡು ಎಂದು ಬದಿಗಿಡುತ್ತಾರೆ. ಇಬ್ಬರೂ ಅರ್ಧ ಶಂಕರ್‌ನಾಗ್ ಅವರನ್ನಷ್ಟೇ ನೋಡುತ್ತಿದ್ದಾರೆ. ಎರಡನ್ನೂ ಒಟ್ಟಿಗೆ ಇಟ್ಟು ನೋಡಿದರೆ ಬೇರೆಯೇ ಒಂದು ಸಂಗತಿ ಕಾಣುತ್ತದೆ. ಅದನ್ನೇ ಇಲ್ಲಿ ಹೇಳಬೇಕೆಂದಿದ್ದೇನೆ.

ಮೊದಲು ಸ್ವಲ್ಪ ಹಿನ್ನೆಲೆ. ಶಂಕರ್ ಹುಟ್ಟಿದ್ದು 1954ರ ನವೆಂಬರ್ 9ರಂದು, ಉತ್ತರ ಕನ್ನಡದ ಹೊನ್ನಾವರದ ಸೀಮೆಯಲ್ಲಿ. ಅಣ್ಣ ಅನಂತನಾಗ್ ಅವರಂತೆ ಇವರೂ ಮುಂಬಯಿ ಸೇರಿದರು. ಅಲ್ಲಿನ ಮರಾಠಿ ರಂಗಭೂಮಿ ಇವರ ಪಾಠಶಾಲೆಯಾಯಿತು. ಅರುಂಧತಿಯವರ ಪರಿಚಯವಾದದ್ದೂ ಆ ನಾಟಕಗಳ ನಂಟಿನಲ್ಲೇ. 1978ರಲ್ಲಿ ಗಿರೀಶ ಕಾರ್ನಾಡರು ‘ಒಂದಾನೊಂದು ಕಾಲದಲ್ಲಿ’ ಚಿತ್ರಕ್ಕೆ ಈ ಹುಡುಗನನ್ನು ಕರೆತಂದರು. ಕತ್ತಿ ಹಿಡಿದು ಕೂಲಿಗೆ ಕಾದಾಡುವ ಗಂಡುಗಲಿಯ ಪಾತ್ರ. ಅದಕ್ಕೆ 1979ರ ಭಾರತದ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟ ಪ್ರಶಸ್ತಿ ಬಂತು. ಮೊದಲ ಕನ್ನಡ ಚಿತ್ರಕ್ಕೇ ಇಂಥ ಪ್ರಶಸ್ತಿ ಸಿಕ್ಕವರು ಸಾಮಾನ್ಯವಾಗಿ ಮುಂದೆ ಆರಿಸಿ ಆರಿಸಿ ಪಾತ್ರ ಮಾಡುತ್ತಾರೆ. ಶಂಕರ್ ಹಾಗೆ ಮಾಡಲಿಲ್ಲ. ಮುಂದಿನ ಹನ್ನೆರಡು ವರ್ಷಗಳಲ್ಲಿ ಎಂಬತ್ತಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದರು. ‘ಸೀತಾರಾಮು’, ‘ಆಟೋರಾಜ’, ‘ಸಾಂಗ್ಲಿಯಾನ’, ‘ಸಿ.ಬಿ.ಐ. ಶಂಕರ್’. ಇವುಗಳಲ್ಲಿ ಕೆಲವು ಚೆನ್ನಾಗಿವೆ, ಹಲವು ಚೆನ್ನಾಗಿಲ್ಲ. ಕೆಲವು ಚಿತ್ರಗಳಲ್ಲಿ ಅವರ ಮುಖ ನೋಡಿದರೆ, ಈ ಶಾಟ್ ಮುಗಿದರೆ ಇನ್ನೊಂದು ಕಡೆ ಹೋಗಬೇಕು ಎಂಬ ಅವಸರ ನಮಗೇ ತಿಳಿಯುತ್ತದೆ. ಹಬ್ಬದ ದಿನ ಒಲೆಯ ಮೇಲೆ ನಾಲ್ಕು ಪಾತ್ರೆ ಇಟ್ಟುಕೊಂಡ ಹೆಂಗಸಿನ ಮುಖ ಹೇಗಿರುತ್ತದೋ ಹಾಗೆ.

ಅವಸರ ಯಾಕೆಂದು ಈಗ ಗೊತ್ತಿದೆ. ಒಂದು ಕಡೆ ‘ಸಂಕೇತ್’ ನಾಟಕ ತಂಡ. ಇನ್ನೊಂದು ಕಡೆ ಬೆಂಗಳೂರಿನಲ್ಲೇ ಧ್ವನಿಮುದ್ರಣ ಆಗಬೇಕು, ಪ್ರತಿಯೊಂದಕ್ಕೂ ಮದರಾಸಿಗೆ ಓಡಬಾರದು ಎಂದು ಕಟ್ಟಿದ ಸಂಕೇತ್ ಸ್ಟುಡಿಯೋ. ಮತ್ತೊಂದು ಕಡೆ ಊರಿಗೆ ಮೆಟ್ರೋ ರೈಲು ಬರಬೇಕು, ನಂದಿ ಬೆಟ್ಟಕ್ಕೆ ರೋಪ್‌ವೇ ಆಗಬೇಕು ಎಂಬ ಕನಸುಗಳು. ಅನಂತನಾಗ್ ಅವರು ತಮ್ಮನ ಬಗ್ಗೆ ಬರೆದ ‘ನನ್ನ ತಮ್ಮ ಶಂಕರ’ ಓದಿದವರಿಗೆ ಈ ಮನುಷ್ಯ ನಿದ್ದೆ ಮಾಡುತ್ತಿದ್ದುದು ಯಾವಾಗ ಎಂಬ ಪ್ರಶ್ನೆ ಏಳದೆ ಇರದು. ನಮ್ಮ ಮಾರ್ಕೆಟ್ಟಿನ ನೆಲದಡಿಯಲ್ಲಿ ಮೆಟ್ರೋ ನಿಲ್ದಾಣ ತೆರೆದದ್ದು 2017ರಲ್ಲಿ. ಅಷ್ಟರಲ್ಲಿ ಕನಸು ಕಂಡವರು ಹೋಗಿ ಇಪ್ಪತ್ತೇಳು ವರ್ಷವಾಗುತ್ತ ಬಂದಿತ್ತು.

ಈಗ ನಿರ್ದೇಶಕನ ವಿಷಯಕ್ಕೆ ಬರೋಣ. ಶಂಕರ್ ನಿರ್ದೇಶಿಸಿದ ಮೊದಲ ಚಿತ್ರ ‘ಮಿಂಚಿನ ಓಟ’, 1980. ಕಾರು ಕದಿಯುವವರ ಕತೆ. ಅದೇ ವರ್ಷ ‘ಜನ್ಮ ಜನ್ಮದ ಅನುಬಂಧ’. 1981ರಲ್ಲಿ ‘ಗೀತಾ’. 1983ರಲ್ಲಿ ‘ಹೊಸ ತೀರ್ಪು’. ಆಮೇಲೆ ‘ಆಕ್ಸಿಡೆಂಟ್’. 1986ರಿಂದ ದೂರದರ್ಶನದಲ್ಲಿ ‘ಮಾಲ್ಗುಡಿ ಡೇಸ್’. 1987ರಲ್ಲಿ ಡಾ. ರಾಜ್‌ಕುಮಾರ್ ಅವರನ್ನು ಮುತ್ತು ಹೆಕ್ಕುವ ಮುಳುಗುಗಾರನನ್ನಾಗಿ ಮಾಡಿದ ‘ಒಂದು ಮುತ್ತಿನ ಕಥೆ’. ನಡುವೆ ನಾಟಕದಿಂದ ಬಂದ ‘ನೋಡಿ ಸ್ವಾಮಿ ನಾವಿರೋದು ಹೀಗೆ’.

ಈ ಪಟ್ಟಿಯನ್ನು ನಿಧಾನವಾಗಿ ನೋಡಿ. ‘ಮಿಂಚಿನ ಓಟ’ದಲ್ಲಿ ಕಾರು. ‘ಹೊಸ ತೀರ್ಪು’ವಿನಲ್ಲಿ ಅಪಘಾತ. ‘ಆಕ್ಸಿಡೆಂಟ್’ ಎಂಬ ಹೆಸರೇ ಸಾಕು. ಇತ್ತ ನಟನಾಗಿ ‘ಆಟೋರಾಜ’. ಶಂಕರ್‌ನಾಗ್ ಅವರ ನಿಜವಾದ ವಸ್ತು ರಸ್ತೆ ಎಂದು ನಾನು ಹೇಳುತ್ತೇನೆ. ಊರು ಬೆಳೆಯುತ್ತಿತ್ತು, ಗಾಡಿಗಳು ಹೆಚ್ಚುತ್ತಿದ್ದವು. ರಸ್ತೆ ಯಾರದು, ಅದರ ಮೇಲೆ ಓಡುವವರು ಯಾರು, ಅದರ ಅಂಚಿನಲ್ಲಿ ಮಲಗುವವರು ಯಾರು ಎಂಬ ಪ್ರಶ್ನೆ ಅವರ ಕೆಲಸದಲ್ಲಿ ಮತ್ತೆ ಮತ್ತೆ ಬರುತ್ತದೆ. ನಟನಾಗಿದ್ದಾಗ ಸ್ಟಿಯರಿಂಗು ಅವರ ಕೈಯಲ್ಲಿ. ನಿರ್ದೇಶಕನಾಗಿ ಕ್ಯಾಮೆರಾದ ಹಿಂದೆ ಹೋದಾಗ ಅವರು ಚಕ್ರದ ಕೆಳಗೆ ಬಗ್ಗಿ ನೋಡಿದರು. ನಟ ನಿರ್ದೇಶಕನಾದಾಗ ಆಗಬೇಕಾದ ಬದಲಾವಣೆ ಇದೇ ಅಲ್ಲವೆ? ಎಷ್ಟೋ ನಟರು ನಿರ್ದೇಶಕರಾದ ಮೇಲೂ ತಮ್ಮ ಮುಖವನ್ನೇ ಇನ್ನಷ್ಟು ಹತ್ತಿರದಿಂದ ತೋರಿಸಿಕೊಳ್ಳುತ್ತಾರೆ. ಶಂಕರ್ ಬೇರೆಯವರ ಮುಖದ ಕಡೆ ಕ್ಯಾಮೆರಾ ತಿರುಗಿಸಿದರು.

‘ಆಕ್ಸಿಡೆಂಟ್’ ನೋಡದವರಿಗಾಗಿ ಕತೆಯನ್ನು ನಾಲ್ಕು ಮಾತಿನಲ್ಲಿ ಹೇಳುತ್ತೇನೆ. ದೊಡ್ಡವರ ಮನೆಯ ಹುಡುಗರಿಬ್ಬರು ಅಮಲಿನಲ್ಲಿ ರಾತ್ರಿ ಕಾರು ಓಡಿಸಿ, ಫುಟ್‌ಪಾತಿನಲ್ಲಿ ಮಲಗಿದ್ದವರ ಮೇಲೆ ಹರಿಸಿಬಿಡುತ್ತಾರೆ. ಬದುಕುಳಿದವನು ಒಬ್ಬನೇ, ಆ ಪಾತ್ರ ರಮೇಶ್ ಭಟ್ ಅವರದು. ಕಾರು ಓಡಿಸಿದ ಹುಡುಗನ ತಂದೆ ಧರ್ಮಾಧಿಕಾರಿ, ಪ್ರಭಾವಿ ರಾಜಕಾರಣಿ, ಅದು ಅನಂತನಾಗ್. ಸತ್ಯ ಹುಡುಕಲು ಹೊರಡುವ ಪತ್ರಕರ್ತ ಶಂಕರ್. ಹಿನ್ನೆಲೆ ಸಂಗೀತ ಇಳೆಯರಾಜಾ. ಸಾಮಾಜಿಕ ಸಮಸ್ಯೆಯ ಚಿತ್ರವೆಂದು 1984ರ ಸಾಲಿನ ರಾಷ್ಟ್ರಪ್ರಶಸ್ತಿ ಇದಕ್ಕೆ ಬಂತು. ಅಣ್ಣತಮ್ಮಂದಿರಿಬ್ಬರನ್ನು ಎದುರುಬದುರು ನಿಲ್ಲಿಸಿ, ಅಣ್ಣನಿಗೆ ಕೆಟ್ಟವನ ಪಾತ್ರ ಕೊಟ್ಟು, ಆ ಪಾತ್ರವನ್ನೇ ಹೆಚ್ಚು ಗಟ್ಟಿಯಾಗಿ ಬರೆಸಿದ್ದರಲ್ಲಿ ನಿರ್ದೇಶಕನ ಪ್ರಾಮಾಣಿಕತೆ ಇದೆ. ಧರ್ಮಾಧಿಕಾರಿ ಹಲ್ಲು ಕಡಿಯುವ ಖಳನಾಯಕನಲ್ಲ. ಮನೆಯಲ್ಲಿ ಮಗನ ತಂದೆ. ಅವನ ಲೆಕ್ಕಾಚಾರ ನಮಗೆ ಅರ್ಥವಾಗುತ್ತದೆ. ಅರ್ಥವಾಗುತ್ತದೆ ಎನ್ನುವುದೇ ಹೆದರಿಕೆಯ ಸಂಗತಿ. ನಮ್ಮ ಮಗ ಹಾಗೆ ಮಾಡಿ ಬಂದರೆ ನಾವು ಬಾಗಿಲು ತೆರೆದು ಪೊಲೀಸರನ್ನು ಕರೆಯುತ್ತೇವೆಯೆ? ತಾಯಂದಿರು ಎದೆ ಮುಟ್ಟಿಕೊಂಡು ಉತ್ತರ ಹೇಳಲಿ.

ಈ ಚಿತ್ರ ನನಗೆ ಬರೀ ಚಿತ್ರವಾಗಿ ಉಳಿಯದೆ ಇದ್ದುದಕ್ಕೆ ಕಾರಣವಿದೆ. ಆ ದಿನಗಳಲ್ಲಿ ನಮ್ಮ ಮನೆಗೆ ಹೂ ತರುತ್ತಿದ್ದ ಒಬ್ಬಾಕೆ ಇದ್ದಳು. ನಡುವಯಸ್ಸು, ಗಟ್ಟಿಗಿತ್ತಿ. ಬೆಳಗಿನ ಜಾವ ಮೂರು ಗಂಟೆಗೆ ಮಾರ್ಕೆಟ್ಟಿಗೆ ಹೂವಿನ ಲಾರಿಗಳು ಬರುತ್ತವೆ. ಆಗಲೇ ಕೊಂಡರೆ ಕನಕಾಂಬರ, ಮಲ್ಲಿಗೆ, ಸೇವಂತಿಗೆ ಅಗ್ಗ. ಅಷ್ಟು ಹೊತ್ತಿಗೆ ಬಸ್ಸಿಲ್ಲ. ಹಾಗಾಗಿ ಹಬ್ಬದ ಹಿಂದಿನ ದಿನಗಳಲ್ಲಿ ಅವಳು ರಾತ್ರಿಯೇ ಬಂದು, ಇನ್ನೂ ನಾಲ್ಕೈದು ಹೆಂಗಸರ ಜೊತೆ ಮಾರ್ಕೆಟ್ಟಿನ ಹೊರಗೆ ಗೋಣಿಚೀಲ ಹಾಸಿಕೊಂಡು ಮಲಗುತ್ತಿದ್ದಳು. ಒಂದು ವರಮಹಾಲಕ್ಷ್ಮಿ ಹಬ್ಬಕ್ಕೆ ಅವಳು ಬರಲಿಲ್ಲ. ಬಂದದ್ದು ಮೂರು ತಿಂಗಳ ಮೇಲೆ, ಕೋಲೂರಿಕೊಂಡು. ಹಿಂದಕ್ಕೆ ಬಂದ ಗಾಡಿಯೊಂದು ಅವಳ ಪಾದದ ಮೇಲೆ ಹತ್ತಿತ್ತು.

‘ಯಾರ ಗಾಡಿಯೇ ಅದು? ಕಂಪ್ಲೇಂಟು ಕೊಟ್ಟೆಯಾ?’ ಎಂದರು ನಮ್ಮಮ್ಮ.

‘ಯಾರ್ ಗಾಡಿ ಅಂತ ಆ ಕತ್ಲಲ್ಲಿ ಯಾರ್ ನೋಡ್ತಾರಮ್ಮಾ? ಕಂಪ್ಲೇಂಟ್ ಕೊಡಾಕೋದ್ರೆ, ನೀ ಯಾಕೆ ರೋಡಲ್ಲಿ ಮಲಗಿದ್ದೆ ಅಂತಾರೆ’ ಎಂದಳು ಆಕೆ. ಅಷ್ಟು ಹೇಳಿ ಬುಟ್ಟಿ ಇಳಿಸಿ, ‘ಎಷ್ಟು ಮೊಳ ಕೊಡ್ಲಿ?’ ಎಂದಳು.

ಸ್ವಲ್ಪ ಕಾಲದ ಮೇಲೆ ಅಮ್ಮನನ್ನು ‘ಆಕ್ಸಿಡೆಂಟ್’ ಚಿತ್ರಕ್ಕೆ ಕರೆದುಕೊಂಡು ಹೋದೆ. ಅಮ್ಮನಿಗೆ ಸಿನಿಮಾ ಎಂದರೆ ಹಾಡು, ಅಳು ಎರಡೂ ಇರಬೇಕು. ಆದರೂ ಕೊನೆಯವರೆಗೆ ಕುಳಿತು ನೋಡಿದರು. ಹೊರಗೆ ಬಂದಮೇಲೆ ಹೇಳಿದ್ದು ಒಂದೇ ಮಾತು: ‘ಅವರಿಗೆ ಆ ಪೇಪರಿನವನಾದರೂ ಇದ್ದ. ನಮ್ಮ ಹೂವಿನವಳಿಗೆ ಯಾರಿದ್ದರು?’

ಅಮ್ಮನ ಈ ಮಾತಿಗಿಂತ ಒಳ್ಳೆಯ ವಿಮರ್ಶೆಯನ್ನು ನಾನು ಆ ಚಿತ್ರದ ಬಗ್ಗೆ ಓದಿಲ್ಲ. ಅದರಲ್ಲಿ ಹೊಗಳಿಕೆಯೂ ಇದೆ, ದೂರೂ ಇದೆ. ಫುಟ್‌ಪಾತಿನವರ ಸಾವು ಕೂಡ ಒಂದು ಚಿತ್ರದ ಕತೆಯಾಗಬಲ್ಲದೆಂದು, ಅದನ್ನು ಜನ ದುಡ್ಡು ಕೊಟ್ಟು ನೋಡಬೇಕೆಂದು, ಜನಪ್ರಿಯ ನಟನೊಬ್ಬ ತನ್ನ ಮಾರ್ಕೆಟ್ಟನ್ನು ಪಣಕ್ಕಿಟ್ಟು ಹೇಳಿದ. ಇದು ಹೊಗಳಿಕೆ. ಆದರೆ ಸತ್ತವರ ಕತೆ ಸ್ವಲ್ಪ ಹೊತ್ತಿನಲ್ಲೇ ರಾಜಕಾರಣಿಯ, ಪೊಲೀಸರ, ಪತ್ರಕರ್ತನ ಕತೆಯಾಗಿಬಿಡುತ್ತದೆ. ಅಲ್ಲಿ ಮಲಗಿದ್ದವರು ಯಾವ ಊರಿನಿಂದ ಬಂದವರು, ಬೆಳಗ್ಗೆ ಎದ್ದು ಯಾವ ಕೆಲಸಕ್ಕೆ ಹೋಗಬೇಕಾಗಿತ್ತು, ಅವರಲ್ಲಿ ಹೆಂಗಸರು ರಾತ್ರಿ ಹೇಗೆ ಕಳೆಯುತ್ತಿದ್ದರು ಎಂಬುದು ನಮಗೆ ಸಿಗಬೇಕಾದಷ್ಟು ಸಿಗುವುದಿಲ್ಲ. ಅನ್ಯಾಯ ಬಯಲಿಗೆಳೆಯುವವನು ಬೇಕು, ನಿಜ. ಆದರೆ ಅನ್ಯಾಯವಾದವರು ಅವನ ಕತೆಗೆ ಒಂದು ನೆಪವಾಗಬಾರದು.

ಅದೇ ಮಾರ್ಕೆಟ್ಟಿನ ಬಗ್ಗೆ ಇನ್ನೊಂದು ವಿಷಯ ಹೇಳಬೇಕು. 1905ರಲ್ಲಿ ಶಿವನಸಮುದ್ರದ ವಿದ್ಯುತ್ತು ಬೆಂಗಳೂರಿಗೆ ಬಂದಾಗ ಬೀದಿದೀಪಗಳು ಮೊದಮೊದಲು ಬೆಳಗಿದ್ದು ಈ ಸುತ್ತಮುತ್ತಲಲ್ಲೇ. ಮಾರುಕಟ್ಟೆಯ ಕಟ್ಟಡ ಎದ್ದದ್ದು ಆಮೇಲೆ, 1928ರಲ್ಲಿ. ಬೀದಿದೀಪ ಬಂದು ನೂರು ವರ್ಷ ದಾಟಿದ ಜಾಗದಲ್ಲಿ ‘ಯಾರ ಗಾಡಿ ಅಂತ ಆ ಕತ್ತಲಲ್ಲಿ ಯಾರು ನೋಡುತ್ತಾರೆ’ ಎಂಬ ಮಾತು ಇನ್ನೂ ನಡೆಯುತ್ತದೆ. ಬೆಳಕು ಬೀಳುವುದೂ ಯಾರ ಮೇಲೆ ಎಂಬುದನ್ನು ನೋಡಿಯೇ. ಸಿನಿಮಾದ ಬೆಳಕಿಗೂ ಇದೇ ನ್ಯಾಯ.

ನಿರ್ದೇಶಕ ಶಂಕರ್ ಹೆಂಗಸರನ್ನು ಹೇಗೆ ನೋಡಿದರು? ನಮ್ಮಂಥ ಓದುಗರು ಕೇಳಲೇಬೇಕಾದ ಪ್ರಶ್ನೆ ಇದು. ‘ಗೀತಾ’ ಚಿತ್ರ ನೆನಪಿಸಿಕೊಳ್ಳಿ. ಇಳೆಯರಾಜಾ ಅವರ ಹಾಡುಗಳನ್ನು ಇವತ್ತಿಗೂ ಹುಡುಗರು ಕಾಲೇಜಿನಲ್ಲಿ ಹಾಡುತ್ತಾರೆ. ರಕ್ತದ ಕ್ಯಾನ್ಸರ್ ಬಂದ ಹುಡುಗಿ, ಅವಳನ್ನು ಪ್ರೀತಿಸುವ ಗಾಯಕ. ನಮ್ಮ ಓರಗೆಯ ಹೆಣ್ಣುಮಕ್ಕಳೆಲ್ಲ ಆ ಚಿತ್ರ ನೋಡಿ ಸೆರಗು ಒದ್ದೆ ಮಾಡಿಕೊಂಡವರೇ. ಈಗ ನೋಡಿದರೂ ಹಾಡುಗಳು ಸೊಗಸು. ಆದರೆ ಆ ಹುಡುಗಿಯ ಕಾಯಿಲೆ ಅವಳದಾಗಿ ಉಳಿಯುವುದಿಲ್ಲ. ಅವಳು ಚೆಂದವಾಗಿ ಬಾಡುತ್ತಾಳೆ, ಅವನು ಚೆಂದವಾಗಿ ದುಃಖಿಸುತ್ತಾನೆ. ಮನೆಯಲ್ಲಿ ಕ್ಯಾನ್ಸರ್ ಕಂಡವರಿಗೆ ಗೊತ್ತು, ಅಲ್ಲಿ ಚೆಂದ ಏನೂ ಇರುವುದಿಲ್ಲ. ಬಟ್ಟೆ ಒಗೆಯುವುದು, ಗಂಜಿ ಕುಡಿಸುವುದು, ದುಡ್ಡು ಹೊಂದಿಸುವುದು ಇರುತ್ತದೆ. ಆ ಕಾಲದ ಎಲ್ಲ ಭಾಷೆಗಳ ಚಿತ್ರಗಳೂ ಹೀಗೇ ಇದ್ದವು ಎಂದು ಯಾರಾದರೂ ಹೇಳಬಹುದು. ಇದ್ದವು. ಆದರೆ ಶಂಕರ್ ಅವರಿಂದ ಬೇರೆಯದನ್ನು ನಿರೀಕ್ಷಿಸುವ ಹಕ್ಕನ್ನು ಅವರೇ ನಮಗೆ ಕೊಟ್ಟಿದ್ದಾರೆ.

ಬೇರೆಯದು ಇರಲಿಲ್ಲವೆ? ಇತ್ತು. ‘ಹೊಸ ತೀರ್ಪು’ ಚಿತ್ರವನ್ನು ಈಗ ಯಾರೂ ನೆನೆಯುವುದಿಲ್ಲ. ಅದು ಹಿಂದಿಯ ‘ದುಷ್ಮನ್’ (1971) ಚಿತ್ರದ ಕತೆ, ಶಂಕರ್ ಅವರ ಸ್ವಂತದ್ದಲ್ಲ. ಲಾರಿ ಓಡಿಸುವವನೊಬ್ಬ ಒಬ್ಬ ರೈತನ ಸಾವಿಗೆ ಕಾರಣನಾಗುತ್ತಾನೆ. ನ್ಯಾಯಾಧೀಶರು ಅವನನ್ನು ಜೈಲಿಗೆ ಕಳಿಸದೆ, ಸತ್ತವನ ಮನೆಗೆ ಕಳಿಸುತ್ತಾರೆ. ಆ ಸಂಸಾರವನ್ನು ದುಡಿದು ಸಾಕು ಎನ್ನುವುದೇ ಶಿಕ್ಷೆ. ಕತೆ ಹೇಳುವವರೆಲ್ಲ ಆ ಚಾಲಕನ ಪಶ್ಚಾತ್ತಾಪವನ್ನೇ ಹೇಳುತ್ತಾರೆ. ನಾನು ಯೋಚಿಸುವುದು ಆ ಮನೆಯ ಹೆಂಡತಿಯ ಬಗ್ಗೆ. ಗಂಡನನ್ನು ಕೊಂದವನು ಬೆಳಗ್ಗೆ ಎದ್ದರೆ ಅಂಗಳದಲ್ಲಿ. ಅವನು ದುಡಿದು ತಂದ ಅಕ್ಕಿಯನ್ನು ಅವಳು ಬೇಯಿಸಬೇಕು. ತೀರ್ಪು ಕೊಡುವಾಗ ನ್ಯಾಯಾಲಯ ಅವಳನ್ನು ಕೇಳಿತೆ? ಗಂಡಸರು ಕಂಡುಹಿಡಿದ ದೊಡ್ಡ ದೊಡ್ಡ ನ್ಯಾಯಗಳ ಭಾರವೆಲ್ಲ ಕಡೆಗೆ ಬಂದು ಬೀಳುವುದು ಅಡಿಗೆಮನೆಯ ಮೇಲೆ.

ಕತೆ ಎರವಲು ಇರಬಹುದು. ಆದರೆ ಒಬ್ಬ ನಿರ್ದೇಶಕ ಯಾವ ಕತೆಯನ್ನು ಎರವಲು ತರುತ್ತಾನೆ ಎಂಬುದರಲ್ಲಿ ಅವನ ಮನಸ್ಸು ಗೊತ್ತಾಗುತ್ತದೆ. ಒಂದೆರಡು ವರ್ಷದ ಅಂತರದಲ್ಲಿ ಶಂಕರ್ ಎರಡು ಅಪಘಾತಗಳ ಚಿತ್ರ ಮಾಡಿದರು. ಒಂದರಲ್ಲಿ ಕೊಂದವನು ಬಡವ, ಅವನಿಗೆ ಶಿಕ್ಷೆ ಆಗುತ್ತದೆ, ಅವನು ಮನುಷ್ಯನಾಗುತ್ತಾನೆ. ಇನ್ನೊಂದರಲ್ಲಿ ಕೊಂದವನು ಶ್ರೀಮಂತ, ಅವನನ್ನು ಉಳಿಸಲು ಇಡೀ ವ್ಯವಸ್ಥೆ ಸೊಂಟ ಕಟ್ಟಿ ನಿಲ್ಲುತ್ತದೆ. ಇವೆರಡನ್ನೂ ಜೋಡಿಯಾಗಿ ನೋಡಬೇಕು. ಆಗ ‘ಆಕ್ಸಿಡೆಂಟ್’ ಚಿತ್ರದ ಕಹಿ ಎಲ್ಲಿಂದ ಬಂತೆಂದು ತಿಳಿಯುತ್ತದೆ. ‘ಹೊಸ ತೀರ್ಪು’ವಿನ ಆದರ್ಶವನ್ನು ಬೆಂಗಳೂರಿನ ರಸ್ತೆಗೆ ತಂದು ನಿಲ್ಲಿಸಿದರೆ ಏನಾಗುತ್ತದೆ ಎಂದು ಅವರು ತಾವೇ ಪರೀಕ್ಷೆ ಮಾಡಿ ನೋಡಿದ ಹಾಗಿದೆ.

‘ಮಾಲ್ಗುಡಿ ಡೇಸ್’ ಈ ಸಾಲಿನಲ್ಲಿ ಎಲ್ಲಿ ಬರುತ್ತದೆ ಎಂದು ನೀವು ಕೇಳಬಹುದು. ಆರ್.ಕೆ. ನಾರಾಯಣ್ ಅವರ ಕತೆಗಳು, ಆರ್.ಕೆ. ಲಕ್ಷ್ಮಣ್ ಅವರ ರೇಖೆಗಳು, ಎಲ್. ವೈದ್ಯನಾಥನ್ ಅವರ ಸಂಗೀತ, ಆಗುಂಬೆಯ ಬೀದಿ. ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್, ಅಪ್ಪನಾಗಿ ಗಿರೀಶ ಕಾರ್ನಾಡ್, ಅಮ್ಮನಾಗಿ ವೈಶಾಲಿ ಕಾಸರವಳ್ಳಿ. ಶಂಕರ್ ಅವರ ಕೆಲಸದಲ್ಲಿ ಇದೇ ಅತಿ ಎತ್ತರದ್ದು ಎಂಬುದರಲ್ಲಿ ನನಗೂ ಅನುಮಾನವಿಲ್ಲ. ಯಾಕೆಂದರೆ ಇಲ್ಲಿ ಅವಸರ ಇಲ್ಲ. ರಸ್ತೆ ಇಲ್ಲಿಯೂ ಇದೆ, ಆದರೆ ಅದು ಮಕ್ಕಳು ಬರಿಗಾಲಲ್ಲಿ ನಡೆಯುವ ರಸ್ತೆ. ಅಲ್ಲಿ ಯಾರೂ ಯಾರ ಮೇಲೂ ಹತ್ತುವುದಿಲ್ಲ. ಬೆಂಗಳೂರು ಕಳೆದುಕೊಳ್ಳುತ್ತಿದ್ದ ನಡಿಗೆಯ ವೇಗವನ್ನು ಅವರು ಮಲೆನಾಡಿನಲ್ಲಿ ಹುಡುಕಿ ತಂದರು. ಹೈಸ್ಕೂಲು ಮುಗಿಸದ ನಮ್ಮ ಚಿಕ್ಕಮ್ಮನಿಗೆ ಹಿಂದಿ ಬರುತ್ತಿರಲಿಲ್ಲ. ಆದರೂ ಆ ಧಾರಾವಾಹಿ ಬರುವಾಗ ಕುಕ್ಕರ್ ಆರಿಸಿ ಬಂದು ಕೂರುತ್ತಿದ್ದಳು. ‘ಮಾತು ಯಾಕೆ ಬೇಕು, ಎಲ್ಲಾ ನಮ್ಮನೆ ಹಂಗೇ ಇದೆ’ ಎನ್ನುತ್ತಿದ್ದಳು. ಮನೆಯ ವಿವರಗಳನ್ನು ಇಷ್ಟು ಸರಿಯಾಗಿ ಹಿಡಿಯಬಲ್ಲವರು ‘ಗೀತಾ’ದಲ್ಲಿ ಕಾಯಿಲೆಯ ಮನೆಯನ್ನು ಯಾಕೆ ಹಿಡಿಯಲಿಲ್ಲ ಎಂಬ ನನ್ನ ದೂರು ಇಲ್ಲಿ ಇನ್ನೂ ಗಟ್ಟಿಯಾಗುತ್ತದೆ. ಅವರಿಗೆ ಶಕ್ತಿ ಇರಲಿಲ್ಲವೆಂದಲ್ಲ, ಬಿಡುವು ಇರಲಿಲ್ಲ.

ನಟರು ನಿರ್ದೇಶಕರಾಗುವ ಮಾತು ಬಂದಾಗ ನಟಿಯರ ಮಾತನ್ನೂ ಆಡಬೇಕು. ನಮ್ಮಲ್ಲಿ ಎಷ್ಟು ಜನ ನಟಿಯರು ಕ್ಯಾಮೆರಾದ ಹಿಂದೆ ಹೋದರು? ಲಕ್ಷ್ಮಿಯವರು 1980ರಲ್ಲಿ ‘ಮಕ್ಕಳ ಸೈನ್ಯ’ ನಿರ್ದೇಶಿಸಿದರು. ಆರತಿಯವರು ಎಷ್ಟೋ ವರ್ಷ ಚಿತ್ರರಂಗದಿಂದ ದೂರವಿದ್ದು, 2005ರಲ್ಲಿ ‘ಮಿಠಾಯಿ ಮನೆ’ ಮಾಡಿದರು. ಎರಡರ ಹೆಸರನ್ನೂ ಗಮನಿಸಿ. ಎರಡರಲ್ಲೂ ಮಕ್ಕಳೇ. ಮಕ್ಕಳ ಚಿತ್ರ ಮಾಡುವುದು ಸಣ್ಣ ಕೆಲಸವೆಂದು ನಾನು ಹೇಳುತ್ತಿಲ್ಲ. ಆದರೆ ಮನೆಯಲ್ಲಿ ಮಕ್ಕಳನ್ನು ನೋಡಿಕೊಳ್ಳುವ ಕೆಲಸ ಯಾರಿಗೆ ಬಂತೋ, ಚಿತ್ರರಂಗದಲ್ಲೂ ಅದೇ ಬಾಗಿಲು ಅವರಿಗೆ ಮೊದಲು ತೆರೆಯುತ್ತದೆ ಎಂಬುದು ಆಕಸ್ಮಿಕ ಇರಲಾರದು. ರಂಗಭೂಮಿಯಿಂದ ಬಂದ ಪ್ರೇಮಾ ಕಾರಂತರು 1983ರಲ್ಲಿ ಎಂ.ಕೆ. ಇಂದಿರಾ ಅವರ ‘ಫಣಿಯಮ್ಮ’ವನ್ನು ಚಿತ್ರ ಮಾಡಿ, ಹೆಂಗಸು ಕ್ಯಾಮೆರಾ ಹಿಡಿಸಿದರೆ ಏನೇನು ಕಾಣುತ್ತದೆಂದು ತೋರಿಸಿಕೊಟ್ಟರು. ‘ಆಕ್ಸಿಡೆಂಟ್’ ಮತ್ತು ‘ಫಣಿಯಮ್ಮ’ ಹೆಚ್ಚುಕಡಿಮೆ ಒಂದೇ ಕಾಲದ ಚಿತ್ರಗಳು. ಒಂದು ಬೀದಿಯ ಕತ್ತಲು, ಇನ್ನೊಂದು ಮನೆಯೊಳಗಿನ ಕತ್ತಲು.

ಈ ಎರಡು ಕತ್ತಲುಗಳನ್ನು ಒಂದೇ ಕಡೆ ತಂದ ಚಿತ್ರ ಇರಾನಿನಿಂದ ಬಂತು. ನಿಕಿ ಕರೀಮಿ ಎಂಬಾಕೆ ಅಲ್ಲಿನ ದೊಡ್ಡ ನಟಿ. ಇಬ್ಸನ್ನನ ‘ಬೊಂಬೆಮನೆ’ ಆಧರಿಸಿ ದಾರಿಯೂಶ್ ಮೆಹರ್‌ಜುಯಿ ಮಾಡಿದ ‘ಸಾರಾ’ ಚಿತ್ರದ ನಾಯಕಿ. ಆಕೆ 2005ರಲ್ಲಿ ತಾನೇ ನಿರ್ದೇಶಕಿಯಾಗಿ ‘ಯೆಕ್ ಶಬ್’, ಅಂದರೆ ‘ಒಂದು ರಾತ್ರಿ’ ಎಂಬ ಚಿತ್ರ ಮಾಡಿದಳು. ಅದು ಕಾನ್ ಚಿತ್ರೋತ್ಸವಕ್ಕೂ ಹೋಯಿತು. ತಾಯಿಯನ್ನು ನೋಡಲು ಯಾರೋ ಬರುವವರಿದ್ದಾರೆ, ಆದ್ದರಿಂದ ಮಗಳು ಆ ಒಂದು ರಾತ್ರಿ ಮನೆಯ ಹೊರಗೆ ಕಳೆಯಬೇಕು. ಅವಳು ತೆಹರಾನಿನ ರಸ್ತೆಗಳಲ್ಲಿ ಅಲೆಯುತ್ತಾಳೆ, ಒಬ್ಬರಾದ ಮೇಲೆ ಒಬ್ಬರಂತೆ ಮೂವರು ಗಂಡಸರ ಕಾರು ಹತ್ತುತ್ತಾಳೆ, ಅವರ ಮಾತು ಕೇಳುತ್ತಾಳೆ. ಇಷ್ಟೇ ಕತೆ. ಇಲ್ಲೂ ರಾತ್ರಿ, ಇಲ್ಲೂ ರಸ್ತೆ, ಇಲ್ಲೂ ಕಾರು. ಆದರೆ ಕ್ಯಾಮೆರಾ ಇರುವುದು ಹೋಗಲು ಜಾಗವಿಲ್ಲದ ಹುಡುಗಿಯ ಜೊತೆ. ಅವಳ ಕತೆಯನ್ನು ಬಯಲಿಗೆಳೆಯಲು ಬೇರೊಬ್ಬ ಬರುವುದಿಲ್ಲ. ನೋಡುವವಳೂ ಅವಳೇ, ಕೇಳುವವಳೂ ಅವಳೇ. ನಮ್ಮ ಅಮ್ಮನ ದೂರಿಗೆ ಉತ್ತರ ಇಂಥ ಕಡೆ ಇದೆ. ನಮ್ಮ ಮಾರ್ಕೆಟ್ಟಿನ ಮೂರು ಗಂಟೆಯ ರಾತ್ರಿಯನ್ನು ಗೋಣಿಚೀಲದ ಮೇಲೆ ಕುಳಿತು ತೆಗೆಯುವ ನಿರ್ದೇಶಕಿ ಕನ್ನಡಕ್ಕೆ ಬರಬೇಕು. ಅವಳು ಮೊದಲು ನೋಡಬೇಕಾದ ಚಿತ್ರ ‘ಆಕ್ಸಿಡೆಂಟ್’ ಎಂದೇ ನಾನು ಹೇಳುತ್ತೇನೆ. ಎಲ್ಲಿಂದ ಮುಂದಕ್ಕೆ ಹೋಗಬೇಕೆಂದು ಅದು ಅವಳಿಗೆ ತೋರಿಸುತ್ತದೆ.

1990ರ ಸೆಪ್ಟೆಂಬರ್ 30ರಂದು ದಾವಣಗೆರೆಯ ಹತ್ತಿರ ಆನಗೋಡಿನಲ್ಲಿ ಶಂಕರ್ ಅವರ ಕಾರು ಅಪಘಾತಕ್ಕೆ ಸಿಕ್ಕಿತು. ‘ಜೋಕುಮಾರಸ್ವಾಮಿ’ ಚಿತ್ರೀಕರಣಕ್ಕೆ ಹೊರಟಿದ್ದರು. ವಯಸ್ಸು ಮೂವತ್ತೈದು. ‘ಆಕ್ಸಿಡೆಂಟ್’ ಮಾಡಿದವರು ಆಕ್ಸಿಡೆಂಟಿನಲ್ಲೇ ಹೋದರು, ವಿಧಿಯ ಆಟ ನೋಡಿ ಎಂದು ಬರೆಯುವವರಿದ್ದಾರೆ. ಈ ಮಾತು ನನಗೆ ಎಂದೂ ಒಪ್ಪಿಗೆಯಾಗಿಲ್ಲ. ಶಂಕರ್ ತಮ್ಮ ಚಿತ್ರಗಳಲ್ಲಿ ಹೇಳಿದ್ದೇ ಇದಕ್ಕೆ ವಿರುದ್ಧ. ರಸ್ತೆಯ ಸಾವು ವಿಧಿಯಿಂದ ಬರುವುದಿಲ್ಲ, ಅದಕ್ಕೆ ಕಾರಣಗಳಿರುತ್ತವೆ, ಹುಡುಕಿದರೆ ಸಿಗುತ್ತವೆ ಎಂದು ಆ ಪತ್ರಕರ್ತ ಅಲೆದದ್ದು. ವಿಧಿ ಎಂದುಬಿಟ್ಟರೆ ಧರ್ಮಾಧಿಕಾರಿಗಳಿಗೆ ಅನುಕೂಲ.

ಆ ಕಾರಿನಲ್ಲಿ ಅರುಂಧತಿಯವರೂ ಇದ್ದರು, ಮಗಳೂ ಇದ್ದಳು. ಇಬ್ಬರೂ ಬದುಕುಳಿದರು. ಅಪಘಾತದ ಮೇಲೆ ಮನೆಯ ಹೆಂಗಸು ಏನು ಮಾಡುತ್ತಾಳೆ ಎಂಬ ಪ್ರಶ್ನೆಗೆ ‘ಹೊಸ ತೀರ್ಪು’ವಿನಲ್ಲಿ ಉತ್ತರ ಕೊಟ್ಟದ್ದು ಒಬ್ಬ ನ್ಯಾಯಾಧೀಶ. ಅರುಂಧತಿಯವರು ಯಾರ ತೀರ್ಪಿಗೂ ಕಾಯಲಿಲ್ಲ. ನಾಟಕ ಬಿಡಲಿಲ್ಲ. ಜೆ.ಪಿ. ನಗರದಲ್ಲಿ ಜಾಗ ಪಡೆದು, ಹಣಕ್ಕಾಗಿ ಬಾಗಿಲು ಬಾಗಿಲು ತಟ್ಟಿ, ಹದಿನಾಲ್ಕು ವರ್ಷದ ಮೇಲೆ, 2004ರಲ್ಲಿ ‘ರಂಗಶಂಕರ’ವನ್ನು ತೆರೆದರು. ಅಲ್ಲಿ ನಾಟಕ ಹೊತ್ತಿಗೆ ಸರಿಯಾಗಿ ಶುರುವಾಗುತ್ತದೆ, ತಡವಾಗಿ ಬಂದವರು ಎಷ್ಟೇ ದೊಡ್ಡವರಾಗಿರಲಿ ಬಾಗಿಲು ತೆರೆಯುವುದಿಲ್ಲ. ಶಂಕರ್ ಅವರ ಕೆಲಸದಲ್ಲಿ ನಾನು ಕಂಡ ಅವಸರಕ್ಕೂ ಅರೆಬರೆಗೂ ಎದುರಾಗಿ ಇಲ್ಲಿ ಶಿಸ್ತು ಇದೆ, ತಾಳ್ಮೆ ಇದೆ. ಬೇರೆ ಊರುಗಳ ಓದುಗರು ಬೆಂಗಳೂರಿಗೆ ಬಂದಾಗ, ನೆಂಟರ ಮನೆಯ ಕೆಲಸ ಮುಗಿಸಿಕೊಂಡು, ಒಂದು ಸಂಜೆ ಬಿಡುವು ಮಾಡಿಕೊಂಡು ಅಲ್ಲಿ ಒಂದು ನಾಟಕ ನೋಡಿ. ಟಿಕೀಟಿನ ಬೆಲೆ ಹೆದರಿಸುವಂಥದ್ದಲ್ಲ. ಹೊತ್ತಿಗೆ ಮುಂಚೆ ಹೊರಡುವುದನ್ನು ಮಾತ್ರ ಮರೆಯಬೇಡಿ.